ಹಿಟ್ಟು ಮತ್ತು ಹಿಂಡಿ

ಮಲ್ಲಿಕಾರ್ಜುನಯ್ಯ ದನದ ಹಿಂಡಿಯನ್ನು ತಿಂದು ನೋಡಿದ್ದು ಅರವತ್ತು ದಾಟಿದ ಮೇಲೆ, ಡಿಸೆಂಬರಿನ ಒಂದು ಬೆಳಗ್ಗೆ, ಕೊಟ್ಟಿಗೆಯ ಬಾಗಿಲನ್ನು ಮುಂದೆ ಮಾಡಿಕೊಂಡು. ಮೂಟೆಯಿಂದ ಒಂದು ಚೂರು ಮುರಿದು, ಪಂಚೆಯ ತುದಿಗೆ ಒರೆಸಿ, ಬಾಯಿಗೆ ಹಾಕಿಕೊಂಡ. ಗಾಣದಲ್ಲಿ ಎಣ್ಣೆಯೆಲ್ಲ ಬಿಟ್ಟುಕೊಟ್ಟ ಕೊಬ್ಬರಿಯಲ್ಲಿ ಇನ್ನೇನು ಉಳಿದಿರುತ್ತದೆ? ಸ್ವಲ್ಪ ಕಮಟು, ಸ್ವಲ್ಪ ಸಿಹಿ, ಮಿಕ್ಕಿದ್ದೆಲ್ಲ ಹೊಟ್ಟು. ಹಸು ಕತ್ತೆತ್ತಿ ಅವನನ್ನೇ ನೋಡುತ್ತಿತ್ತು. ನಾಚಿಕೆಯಾಯಿತು, ಆದರೂ ಉಗಿಯಲಿಲ್ಲ. ಅಗಿದ, ಯೋಚಿಸಿದ, ಮತ್ತೆ ಅಗಿದ. ಇದರಲ್ಲಿ ಅಂಥದ್ದೇನಿದೆ ಎಂದು ಅವನಿಗೆ ತಿಳಿಯಲೇಬೇಕಿತ್ತು.

ತಲೆ ಕೆಟ್ಟಿತ್ತೆಂದು ತಿಳಿಯಬೇಡಿ. ಹೊನ್ನವಳ್ಳಿಯ ಸುತ್ತಮುತ್ತ ಅವನಷ್ಟು ನೆಟ್ಟಗಿನ ಮನುಷ್ಯ ಕಡಿಮೆ. ಇದ್ದದ್ದು ಒಂದೇ ಚಾಳಿ. ಯಾವುದಾದರೂ ಅರ್ಥವಾಗದೆ ಉಳಿದರೆ ಅವನಿಗೆ ಊಟ ರುಚಿಸದು, ನಿದ್ದೆ ಹತ್ತದು. ಪಕ್ಕದ ತೋಟದವರು ಹೊಸ ಮೋಟರು ತಂದರೆ ಅದರ ಹೊಟ್ಟೆ ಬಿಚ್ಚಿಸಿ ನೋಡಿಯೇ ಮನೆಗೆ ಬರುವವನು. ಹೆಂಡತಿ ತೀರಿಕೊಂಡ ಮೇಲೆ ಅಡುಗೆಯನ್ನೂ ಹಾಗೆಯೇ ಕಲಿತ. ಎಸರು ಎಷ್ಟು ಕುದಿಯಬೇಕು, ಹಿಟ್ಟು ಯಾವಾಗ ಬೀಳಬೇಕು, ಕೋಲು ಯಾವ ಕಡೆ ತಿರುಗಬೇಕು ಎಂದು ಕೇಳಿ ಕೇಳಿ ಊರಿನ ಮುದುಕಿಯರ ಜೀವ ತಿಂದಿದ್ದ. ಈಗ ಅವನು ತಿರುವಿದ ಮುದ್ದೆಯಲ್ಲಿ ಒಂದು ಗಂಟು ತೋರಿಸಿದವರಿಗೆ ಒಂದು ಗೊನೆ ಎಳನೀರು ಎಂದು ಪಂಥ ಕಟ್ಟುವಷ್ಟು ಧೈರ್ಯ ಬಂದಿತ್ತು. ಇದುವರೆಗೆ ಆ ಗೊನೆ ಯಾರಿಗೂ ಸಿಕ್ಕಿಲ್ಲ.

ಆದರೆ ಹೆಂಗಸಿಲ್ಲದ ಮನೆಗೆ ಹೆಣ್ಣು ಕೊಡುವವರು ಯಾರು? ಮಗ ಪರಮೇಶನಿಗೆ ತೋಟವಿತ್ತು, ಬೋರಿನಲ್ಲಿ ನೀರಿತ್ತು, ಕೊಬ್ಬರಿಯಾಗಲೆಂದು ಬಿಟ್ಟ ಕಾಯಿ ಅಟ್ಟದ ತುಂಬ ಇತ್ತು, ಚಟವೆಂಬುದು ಇರಲಿಲ್ಲ. ವಯಸ್ಸು ಮಾತ್ರ ಮೂವತ್ತೈದು ದಾಟಿತ್ತು. ಹತ್ತಿರದ ಊರುಗಳಲ್ಲಿ ಹೆಣ್ಣು ಹೆತ್ತವರೆಲ್ಲ ಕಾಫಿ ಕೊಟ್ಟು, ಆಮೇಲೆ ಹೇಳಿ ಕಳಿಸುತ್ತೇವೆ ಎಂದು ಬಾಗಿಲವರೆಗೆ ಬಂದು ಬೀಳ್ಕೊಟ್ಟರು. ಕೊನೆಗೆ ಹುಳಿಯಾರಿನ ಪರಿಚಯದವರೊಬ್ಬರು ವಿಜಯಪುರದಾಚೆ ಇಂಡಿ ಕಡೆಯ ಒಂದು ಮನೆಯನ್ನು ತೋರಿಸಿದರು. ಅವರೂ ಲಿಂಗ ಕಟ್ಟಿದವರೇ, ಮಾಂಸ ಮುಟ್ಟದವರೇ, ಮಾತೂ ಕನ್ನಡವೇ. ಇನ್ನೇನು ತೊಡಕು ಎಂದುಕೊಂಡರು ಎಲ್ಲರೂ. ಕಾರ್ತೀಕದಲ್ಲಿ ಮದುವೆಯಾಗಿ ದಾನೇಶ್ವರಿ ಈ ಮನೆಗೆ ಬಂದಳು.

ತೊಡಕು ಇದ್ದದ್ದು ಆ ಕನ್ನಡದಲ್ಲಿಯೇ. ನಿಶ್ಚಿತಾರ್ಥದ ದಿನ ಹುಡುಗಿಯ ತಂದೆ ಶಿವಗೊಂಡಪ್ಪ, ನಿಮ್ಮ ಕಡೆ ಊಟಕ್ಕೆ ಏನು ಮಾಡುತ್ತೀರಿ ಎಂದು ಕೇಳಿದಾಗ ಮಲ್ಲಿಕಾರ್ಜುನಯ್ಯ ಹೆಮ್ಮೆಯಿಂದಲೇ, ನಮ್ಮದು ಎರಡು ಹೊತ್ತೂ ಹಿಟ್ಟೇ ಎಂದಿದ್ದ. ಬರೀ ಹಿಟ್ಟು ತಿನ್ನುವವರ ಮನೆಗೆ ಮಗಳನ್ನು ಕೊಡುತ್ತಿದ್ದೇನಲ್ಲ ಎಂದು ಆ ಮನುಷ್ಯನಿಗೆ ವಾರಗಟ್ಟಲೆ ಸಂಕಟ. ಈ ಸೀಮೆಯಲ್ಲಿ ಹಿಟ್ಟು ಎಂದರೆ ಬೆಂದು ಉಂಡೆಯಾದ ರಾಗಿಮುದ್ದೆ ಎಂಬುದು ಮದುವೆಯ ಮನೆಯಲ್ಲಿ ಗೊತ್ತಾಗಿ ಬೀಗರಿಬ್ಬರೂ ತೊಡೆ ತಟ್ಟಿಕೊಂಡು ನಕ್ಕರು. ಅಲ್ಲಿಗೆ ಗೊಂದಲ ಮುಗಿಯಿತು ಎಂದು ಇಬ್ಬರೂ ತಿಳಿದರು.

ಮದುವೆಯ ಮಾರನೆಯ ದಿನ ಹೆಂಗಸರ ಪಂಕ್ತಿಯಲ್ಲಿ ದಾನೇಶ್ವರಿ ಮೊದಲ ಸಲ ಮುದ್ದೆ ಮುರಿದಳು. ಮಲ್ಲಿಕಾರ್ಜುನಯ್ಯ ದೂರದಿಂದಲೇ ನೋಡುತ್ತಿದ್ದ. ಹುಡುಗಿ ಅದನ್ನು ಅಗಿದಳು. ಮುದ್ದೆಯನ್ನು ಅಗಿಯುವುದೇ! ಸಾರಿನಲ್ಲಿ ಅದ್ದಿ ಗುಳುಂ ಎಂದು ನುಂಗುವ ವಸ್ತುವನ್ನು ಅವಳು ಹಲ್ಲಿಗೆ ಕೊಟ್ಟಳು, ಅದು ಹಲ್ಲಿಗೆ ಹತ್ತಿಕೊಂಡು ಕೂತಿತು. ಪಕ್ಕದವರು ನುಂಗು ಎಂದರು. ನುಂಗಲು ಹೋಗಿ ಕೆಮ್ಮಿ, ಕಣ್ಣಲ್ಲಿ ನೀರು ತುಂಬಿಕೊಂಡಳು. ಅಂದಿನಿಂದ ಅವಳು ಊಟ ಮಾಡುವುದನ್ನು ಆ ಮನೆಯಲ್ಲಿ ಯಾರೂ ಕಾಣಲಿಲ್ಲ.

ಮಾವನಾದವನು ಅದನ್ನು ಅರ್ಥಮಾಡಿಕೊಂಡ, ಅಥವಾ ಹಾಗೆಂದುಕೊಂಡ. ಹೊಸ ಹುಡುಗಿ, ನಾಚುತ್ತಾಳೆ, ನಾಲ್ಕು ಜನರ ಕಣ್ಣು ಅವಳ ಗಂಟಲಿನ ಮೇಲೆ ಇರಬಾರದು. ಹಾಗಾಗಿ ರಾತ್ರಿ ಏಳೂವರೆಗೆ ಮುದ್ದೆ ಕಟ್ಟಿಟ್ಟು, ತಾನೂ ಮಗನೂ ಬೇಗಬೇಗ ಉಂಡು, ಅವನು ಅಡುಗೆಮನೆಯಿಂದ ಹೊರಗೆ ಬಂದು ಜಗಲಿಯಲ್ಲಿ ಕೂರುತ್ತಿದ್ದ. ಒಂದು ಗಂಟೆ ಕಾಲ ಒಳಗೆ ಇಣುಕುತ್ತಿರಲಿಲ್ಲ. ತಲೆಯ ಮೇಲೆ ಸೆರಗು ಹೊದ್ದು ಬಡಿಸುವ ಸೊಸೆ, ನೀನೂ ಕೂರು ಎಂದು ಪರಮೇಶ ಕರೆದರೆ, ಆಮೇಲೆ ಉಣ್ಣುತ್ತೇನೆ ಎನ್ನುತ್ತಿದ್ದಳು. ಪರಮೇಶ ಹೆಚ್ಚು ಮಾತಿನವನಲ್ಲ, ಎರಡನೆಯ ಸಲ ಕರೆಯುತ್ತಿರಲಿಲ್ಲ.

ಬೆಳಗ್ಗೆ ಹಸುವಿನ ಕಲಗಚ್ಚಿನ ಬಕೆಟ್ಟಿನಲ್ಲಿ ಮುದ್ದೆ ಸಿಗುತ್ತಿತ್ತು. ಒಂದು ಚೂರು ಮುರಿದು ಬಿಟ್ಟ ಇಡೀ ಮುದ್ದೆ. ಒಂದು ದಿನ, ಎರಡು ದಿನ, ಆಮೇಲೆ ದಿನವೂ. ಸುಗ್ಗಿಯ ಅವರೆ, ಸೊಗಡು ಮೂಗಿಗೆ ಹೊಡೆಯುವಂಥ ಸಾರು, ಅದನ್ನೂ ಹಸು ಕುಡಿಯುತ್ತಿತ್ತು. ತಿಂಗಳು ಕಳೆಯುವಷ್ಟರಲ್ಲಿ ಹುಡುಗಿಯ ಕೈಬಳೆ ಮೊಣಕೈವರೆಗೆ ಜಾರುವಂತಾಯಿತು. ಮಲ್ಲಿಕಾರ್ಜುನಯ್ಯನಿಗೆ ಮೊದಲು ಬೇಜಾರಾಗಿದ್ದು ತನ್ನ ಮುದ್ದೆಯ ಮರ್ಯಾದೆಗೆ; ಬಳೆ ಕಂಡ ಮೇಲೆ ಹೆದರಿಕೆಯಾಯಿತು.

ಹೆದರಿಕೆಗೆ ತುಪ್ಪ ಸುರಿದವಳು ತುರುವೇಕೆರೆಯಲ್ಲಿದ್ದ ಅವನ ತಂಗಿ ಶಾಂತಕುಮಾರಿ. ಅವರ ಪಕ್ಕದ ಬೀದಿಗೆ ಆ ಕಡೆಯಿಂದಲೇ ಬಂದಿದ್ದ ಒಬ್ಬ ಸೊಸೆ ಯುಗಾದಿಗೆಂದು ತವರಿಗೆ ಹೋದವಳು ತಿರುಗಿ ಬರಲೇ ಇಲ್ಲವಂತೆ; ಊಟ ಸೇರಲಿಲ್ಲ ಅಂದಳಂತೆ, ಅಷ್ಟೇ ಕಾರಣವಂತೆ. ತಂಗಿ ಫೋನಿನಲ್ಲಿ ಇದನ್ನೆಲ್ಲ ಬಹಳ ಉತ್ಸಾಹದಿಂದ ಹೇಳಿದಳು. ಪರಮೇಶನ ಮದುವೆಯಾಗಲು ಎಷ್ಟು ಮನೆಯ ಕಾಫಿ ಕುಡಿಯಬೇಕಾಯಿತು ಎಂಬುದು ಮಲ್ಲಿಕಾರ್ಜುನಯ್ಯನಿಗೆ ನೆನಪಿತ್ತು. ಅದಕ್ಕಿಂತ ಹೆಚ್ಚಾಗಿ, ಮಗ ಈಗೀಗ ತೋಟದಿಂದ ಸಂಜೆಗೇ ಮನೆಗೆ ಬರುತ್ತಿದ್ದ, ಒಬ್ಬನೇ ಇದ್ದಾಗ ಸಣ್ಣಗೆ ಸಿಳ್ಳೆ ಹಾಕುತ್ತಿದ್ದ. ಈ ಹುಡುಗಿ ಹೋದರೆ ಅದೂ ಹೋಗುತ್ತದೆ.

ಹಾಗಿರುವಾಗ ಒಂದು ಮಧ್ಯಾಹ್ನ ಹಿತ್ತಲಲ್ಲಿ ಅವಳು ತಾಯಿಯ ಜೊತೆ ಫೋನಿನಲ್ಲಿ ಮಾತಾಡುವುದು ಅವನ ಕಿವಿಗೆ ಬಿತ್ತು.

"ಹಿಂಡಿ ಇದ್ರ ಎರಡ ತುತ್ತರ ಇಳೀತಿತ್ತು ಯವ್ವಾ. ಇಲ್ಲಿ ಹಿಂಡಿನ ಮಾಡಂಗಿಲ್ಲ."

ಮಲ್ಲಿಕಾರ್ಜುನಯ್ಯ ಸೌದೆಯ ಮರೆಯಲ್ಲಿ ನಿಂತುಬಿಟ್ಟ. ಹಿಂಡಿ ಇಲ್ಲವೆ? ಕೊಟ್ಟಿಗೆಯಲ್ಲಿ ಒಂದು ಮೂಟೆ ಇದೆಯಲ್ಲ! ಆದರೆ ಮನುಷ್ಯರು ಹಿಂಡಿ ತಿನ್ನುವುದು ಎಂದರೇನು? ತಂಗಿಯನ್ನು ಕೇಳಿದ. ಬಸುರಿ ಇರಬೇಕು ಎಂದು ಅವಳು ತಕ್ಷಣ ತೀರ್ಮಾನ ಕೊಟ್ಟಳು. ಬಸುರಿಯರು ಮಣ್ಣು, ಇದ್ದಿಲು ತಿನ್ನಲು ಆಸೆಪಡುವುದಿಲ್ಲವೇ, ಹಾಗೆಯೇ ಇದೂ. ಮಗನನ್ನು ಕೇಳೋಣವೆಂದರೆ ಸಂಕೋಚ. ಆ ಬೆಳಗ್ಗೆ ಕೊಟ್ಟಿಗೆಯ ಬಾಗಿಲು ಮುಂದೆ ಮಾಡಿಕೊಂಡು ಅವನು ಹಿಂಡಿ ಅಗಿದದ್ದು ಇದರಿಂದಾಗಿ.

ಅಗಿದು ಒಂದು ತೀರ್ಮಾನಕ್ಕೆ ಬಂದ. ಈ ಮೂಟೆಯದು ಹಳೆಯದು, ಧೂಳು ಹಿಡಿದದ್ದು. ಹುಡುಗಿ ತಿನ್ನುವುದೇ ಆದರೆ ಒಳ್ಳೆಯದನ್ನೇ ತಿನ್ನಲಿ. ತಿಪಟೂರಿಗೆ ಬಸ್ಸಿನಲ್ಲಿ ಹೋಗಿ, ಗಾಣದವನ ಹತ್ತಿರ ಆಗತಾನೇ ಬಿದ್ದ, ಇನ್ನೂ ಬೆಚ್ಚಗಿದ್ದ ಕೊಬ್ಬರಿ ಹಿಂಡಿಯನ್ನು ಹೊಸ ಚೀಲದಲ್ಲಿ ಹಾಕಿಸಿಕೊಂಡ. ಹಸು ಎಷ್ಟು ಲೀಟರು ಕೊಡುತ್ತದೆ ಎಂದು ಗಾಣದವನು ಕೇಳಿದ್ದಕ್ಕೆ, ಹಸುವಿಗಲ್ಲ ಎಂದು ಬಾಯಿ ತಪ್ಪಿ ಹೇಳಿ, ನಾಲಿಗೆ ಕಚ್ಚಿಕೊಂಡು ಬಂದ. ಸಂಜೆ ಅದನ್ನು ಸ್ಟೀಲ್ ತಟ್ಟೆಯಲ್ಲಿ ಒಪ್ಪವಾಗಿ ಮುರಿದಿಟ್ಟು, ಮೇಲೆ ಒಂದು ಬಟ್ಟೆ ಮುಚ್ಚಿ, ಅಡುಗೆಮನೆಯ ಕಟ್ಟೆಯ ಮೇಲೆ ಸೊಸೆಯ ಮುಂದಿಟ್ಟ.

"ನಾಚ್ಕೋಬ್ಯಾಡ ಕಣವ್ವಾ, ತಿನ್ನು. ನಾನು ಯಾರ್ಗೂ ಹೇಳಾಕಿಲ್ಲ."

ದಾನೇಶ್ವರಿ ಬಟ್ಟೆ ಸರಿಸಿ ನೋಡಿದಳು. ಅದೇ ಬೆಳಗ್ಗೆ ಹಸುವಿನ ಬಕೆಟ್ಟಿಗೆ ಮಾವ ಇಂಥದ್ದನ್ನೇ ಹಾಕಿದ್ದನ್ನು ಅವಳು ಕಂಡಿದ್ದಳು. ಮಾವನ ಮುಖ ನೋಡಿದಳು, ತಟ್ಟೆ ನೋಡಿದಳು, ಮತ್ತೆ ಬಟ್ಟೆ ಮುಚ್ಚಿದಳು. ಮಲ್ಲಿಕಾರ್ಜುನಯ್ಯನಿಗೆ ತನ್ನ ಮೇಲೆ ತನಗೇ ಮೆಚ್ಚುಗೆಯಾಗಿ, ಜಗಲಿಗೆ ಹೋಗಿ ಎಲೆಯಡಿಕೆ ಹಾಕಿಕೊಂಡ.

ಅರ್ಧ ಗಂಟೆಯಲ್ಲಿ ಪರಮೇಶ ಹೊರಗೆ ಬಂದ. ಮುಖ ಬಾಡಿತ್ತು. ಅವಳ ತಂದೆ ನಾಳಿದ್ದು ಬರುತ್ತಾರಂತೆ, ಎಳ್ಳಮಾವಾಸ್ಯೆಗೆ ಕರೆದುಕೊಂಡು ಹೋಗುತ್ತಾರಂತೆ ಎಂದ. ಹಬ್ಬಕ್ಕೆ ತಾನೇ, ಹೋಗಿ ಬರಲಿ ಎಂದ ತಂದೆ.

"ಬಟ್ಟೆ ಎಲ್ಲಾನೂ ತುಂಬ್ಕೊಂಡವ್ಳೆ ಅಪ್ಪ. ಒಂದೂ ಬಿಟ್ಟಿಲ್ಲ. ಅದ್ಸರಿ, ದನದ ಹಿಂಡಿ ಯಾಕೆ ಇಟ್ಟೆ ಅವ್ಳ ಮುಂದೆ?"

"ಅವ್ಳೇ ಅವರವ್ವನ ತಾವ ಕೇಳ್ತಿದ್ಳು ಕಣ್ಲಾ."

"ತಿನ್ನಾಕಾ?"

ತಂದೆಗೂ ಆ ಪ್ರಶ್ನೆ ಬೇರೊಬ್ಬರ ಬಾಯಲ್ಲಿ ಕೇಳಿದಾಗಲೇ ಅದರ ಆಕಾರ ಕಂಡದ್ದು. ತನ್ನ ಮನೆಗೆ ಬಂದ ಹೆಣ್ಣುಮಗಳ ಮುಂದೆ ದನದ ಮೇವು ಇಟ್ಟು, ತಿನ್ನು, ಯಾರಿಗೂ ಹೇಳುವುದಿಲ್ಲ ಎಂದು ಬೇರೆ ಹೇಳಿ ಬಂದಿದ್ದ.

ಬೇರೆ ಯಾರಾದರೂ ಆಗಿದ್ದರೆ ಮಗನ ಮೂಲಕ ಹೇಳಿಸಿ, ತಂಗಿಯನ್ನು ಕರೆಸಿ, ಸಂಧಾನ ಮಾಡಿಸುತ್ತಿದ್ದರೇನೋ. ಮಲ್ಲಿಕಾರ್ಜುನಯ್ಯನಿಗೆ ಅವಮಾನಕ್ಕಿಂತ ಕುತೂಹಲವೇ ದೊಡ್ಡದಾಗಿ ಕಾಡಿತು. ಬೆಳಗಾಗುತ್ತಲೇ ಅಡುಗೆಮನೆಯ ಬಾಗಿಲಲ್ಲಿ ಹೋಗಿ ನಿಂತ. ಮಾವ ಸೊಸೆ ಮುಖಾಮುಖಿ ಮಾತಾಡುವ ರೂಢಿ ಅವಳ ಕಡೆ ಇಲ್ಲ, ಅವಳು ಸೆರಗು ಮುಂದಕ್ಕೆಳೆದು ಗೋಡೆಯ ಕಡೆ ತಿರುಗಿದಳು. ಇವನು ಆ ಬೆನ್ನಿಗೇ ಕೇಳಿದ.

"ನಿಮ್ಮ ಕಡೆ ಹಿಂಡಿ ಅಂದ್ರೆ ಏನವ್ವಾ? ತಿಳೀದೆ ಕೇಳ್ತಿವ್ನಿ. ನಮ್ಮ ಹಿಂಡೀನ ನಾನೂ ತಿಂದು ನೋಡ್ದೆ. ಅದ್ರಾಗೆ ಏನು ರುಚಿ ಐತೆ ಅಂತ ಗೊತ್ತಾಗ್ಲಿಲ್ಲ."

ನೀವು ತಿಂದ್ರಿ? ಎಂದು ಸೆರಗಿನೊಳಗಿಂದ ಸಣ್ಣ ದನಿ ಬಂತು. ಮೂಟೆಯದೇ ತಿಂದೆ, ನಿನಗೆ ಆಗುತ್ತದೋ ಇಲ್ಲವೋ ನೋಡಬೇಕಿತ್ತಲ್ಲ ಎಂದ. ಹುಡುಗಿಯ ಭುಜ ಕುಲುಕತೊಡಗಿತು. ಅಳುತ್ತಿದ್ದಾಳೆ ಎಂದು ಇವನು ಹೆದರಿದ. ಅವಳು ಸೆರಗನ್ನು ಬಾಯಿಗೆ ತುರುಕಿಕೊಂಡು ನಗುತ್ತಿದ್ದಳು. ನಕ್ಕು ನಕ್ಕು ಕಟ್ಟೆ ಹಿಡಿದುಕೊಂಡು ಕೂತಳು. ತೋಟಕ್ಕೆ ಹೊರಟಿದ್ದ ಪರಮೇಶ ಚಪ್ಪಲಿ ಬಿಟ್ಟು ಒಳಗೆ ಓಡಿ ಬಂದ.

ಹಿಂಡಿ ಎಂದರೆ ಶೇಂಗಾ ಹಿಂಡಿ. ಕಡಲೆಕಾಯಿ ಬೀಜ ಹುರಿದು, ಬೆಳ್ಳುಳ್ಳಿ, ಒಣಮೆಣಸಿನಕಾಯಿ, ಉಪ್ಪು ಹಾಕಿ, ಎಣ್ಣೆ ಬಿಡುವವರೆಗೆ ಕುಟ್ಟಿದ ಚಟ್ನಿಪುಡಿ. ದನಕ್ಕೆ ಹಾಕುವುದಕ್ಕೂ ಅವರು ಹಿಂಡಿ ಎಂದೇ ಅನ್ನುತ್ತಾರೆ, ಆದರೆ ತಟ್ಟೆಯಲ್ಲಿ ಅದನ್ನು ಯಾರೂ ಇಟ್ಟುಕೊಡುವುದಿಲ್ಲ. ಅವಳು ಮಾಡಿ ತೋರಿಸಿದಳು. ಮಲ್ಲಿಕಾರ್ಜುನಯ್ಯ ಪಕ್ಕದಲ್ಲಿ ಕುಕ್ಕುರುಗಾಲಲ್ಲಿ ಕೂತು, ಎಷ್ಟು ಹುರಿಯಬೇಕು, ಸಿಪ್ಪೆ ತೆಗೆಯಬೇಕೋ ಬೇಡವೋ, ಬೆಳ್ಳುಳ್ಳಿ ಹಸಿಯದೇ ಯಾಕೆ ಎಂದು ಕೇಳುತ್ತಲೇ ಇದ್ದ. ಮಧ್ಯದಲ್ಲಿ ಎದ್ದು ಹೋಗಿ ಅಟ್ಟದಿಂದ ಒಂದು ಉಂಡೆ ಕೊಬ್ಬರಿ ಇಳಿಸಿ, ಅರ್ಧ ತುರಿದು ಕುಟ್ಟಾಣಿಗೆ ಸುರಿದ. ಅವಳ ತವರಿನಲ್ಲಿ ಒಣಕೊಬ್ಬರಿ ಹಬ್ಬದಲ್ಲಿ ಮಾತ್ರ, ಅದೂ ಬೆರಳಗಲದ ಚೂರು. ಇಷ್ಟು ಹಾಕಬೇಡಿ ಎಂದು ತಡೆಯಲು ಹೋದವಳು ಕುಟ್ಟಿದ ಮೇಲೆ ನಾಲಿಗೆಗೆ ಹಚ್ಚಿಕೊಂಡಳು. ಬೆರಳು ಮತ್ತೊಮ್ಮೆ ಕುಟ್ಟಾಣಿಗೆ ಹೋಯಿತು.

ನಗು ಬಂದಿತು ನಿಜ, ತುಂಬಿದ ಚೀಲ ಖಾಲಿಯಾಗಲಿಲ್ಲ. ಶಿವಗೊಂಡಪ್ಪ ರೈಲು ಹತ್ತುವವನಿದ್ದ. ಬೀಗರಿಗೆ ಏನು ಬೇಯಿಸಿ ಹಾಕೋಣ ಎಂದು ಕೇಳಿದಾಗ ರೊಟ್ಟಿ ಎಂದಳು, ಮತ್ತೆ, ಆದರೆ ಹಿಟ್ಟಿಲ್ಲವಲ್ಲ ಎಂದಳು. ಜೋಳದ ಹಿಟ್ಟು ಎಂದು ಈ ಸಲ ಇವನು ಸರಿಯಾಗಿ ಅರ್ಥಮಾಡಿಕೊಂಡ. ಹುಳಿಯಾರಿನಲ್ಲಿ ಬಿಳಿಜೋಳ ಸಿಗುತ್ತದೆಂದು ಹುಡುಕಿಕೊಂಡು ಹೋಗಿ ತಂದು, ಹೊನ್ನವಳ್ಳಿಯ ಮಿಲ್ಲಿನಲ್ಲಿ ಬೀಸಿಸಿದ. ಮಿಲ್ಲಿನವನು ಆಗತಾನೇ ಯಾರದೋ ರಾಗಿ ಬೀಸಿದ್ದ. ಕಲ್ಲಿನಲ್ಲಿ ಉಳಿದಿದ್ದ ರಾಗಿಯೆಲ್ಲ ಸೇರಿ, ಹಾಲಿನಂತಿರಬೇಕಿದ್ದ ಜೋಳದ ಹಿಟ್ಟು ಬೂದಿ ಬಣ್ಣಕ್ಕೆ ತಿರುಗಿ ಬಂತು. ಚೀಲ ಬಿಚ್ಚಿದ ದಾನೇಶ್ವರಿಯ ಮುಖ ಸಪ್ಪಗಾಯಿತು.

ಆದರೂ ತಟ್ಟಿದಳು. ಜೋಳ ಹಳೆಯದಿರಬೇಕು, ಹಿಟ್ಟಿನಲ್ಲಿ ಜಿಗಿಯೇ ಇಲ್ಲ. ಮೊದಲನೆಯ ರೊಟ್ಟಿ ಕೈಯಲ್ಲೇ ಒಡೆಯಿತು, ಎರಡನೆಯದು ಹೆಂಚಿಗೆ ಬೀಳುವಾಗ ಮೂರು ತುಂಡಾಯಿತು. ಅವಳ ಕಣ್ಣು ತುಂಬಿಬಂತು. ಅಪ್ಪ ಬಂದು ನೋಡುವಾಗ ರೊಟ್ಟಿ ತಟ್ಟುವುದೂ ಮರೆತಿದ್ದಾಳೆ ಅನ್ನುತ್ತಾನೆ ಎಂದು ಯಾರಿಗೋ ಹೇಳುವಂತೆ ಹೇಳಿಕೊಂಡಳು. ಮಲ್ಲಿಕಾರ್ಜುನಯ್ಯ ಒಡೆದ ರೊಟ್ಟಿಯ ಅಂಚನ್ನು ಬೆರಳಲ್ಲಿ ಉಜ್ಜಿ ನೋಡುತ್ತಿದ್ದ. ಜೋಳಕ್ಕೆ ಅಂಟಿಲ್ಲ, ಎಸರಿಗೆ ಬಿದ್ದ ರಾಗಿಗೆ ಬೇಕಾದಷ್ಟು ಅಂಟಿದೆ. ಮಿಲ್ಲಿನವನು ಅರ್ಧ ಮಾಡಿದ ಕೆಲಸವನ್ನು ಪೂರಾ ಮಾಡಿದರೆ ಹೇಗೆ? ಅವಳನ್ನು ಸ್ವಲ್ಪ ಪಕ್ಕಕ್ಕೆ ಸರಿಸಿ, ಎಸರಿಟ್ಟು, ಉಪ್ಪು ಹಾಕಿ, ಎರಡು ಪಾಲು ಜೋಳಕ್ಕೆ ಒಂದು ಪಾಲು ರಾಗಿಹಿಟ್ಟು ಬೆರೆಸಿ ಕುದಿನೀರಿಗೆ ಸುರಿದು ಕೋಲಾಡಿಸಿದ. ಅವಳು ಅದನ್ನು ಬಿಸಿಬಿಸಿಯಾಗಿಯೇ ನಾದಿದಳು. ರೊಟ್ಟಿ ದಪ್ಪವಾಗಿತ್ತು, ಕೆಂಪು ಕೆಂಪಾಗಿತ್ತು, ಒಡೆಯಲಿಲ್ಲ.

ಅದನ್ನು ಹೆಂಚಿನಿಂದ ತೆಗೆದವಳೇ ಅವಳು ಹಾಗೆಯೇ ಮುರಿದು ಒರಳಿಗೆ ಹಾಕಿದಳು. ಇವನು ಹೌಹಾರಿದ. ಅವಳು ಬೆಳ್ಳುಳ್ಳಿ, ಜೀರಿಗೆ, ಹಸಿಮೆಣಸಿನಕಾಯಿ ಹಾಕಿ ಗುದ್ದಿ, ಹೊಗೆಯಾಡುವ ಆ ರಾಶಿಯನ್ನು ಕೈಗೆ ತೆಗೆದುಕೊಂಡು ಮುಷ್ಟಿಯಲ್ಲಿ ಅಮುಕಿದಳು. ನಾಲ್ಕು ಬೆರಳಿನ ಗುರುತು ಮೂಡಿದ ಒಂದು ಉಂಡೆಯಾಯಿತು. ಇದು ಮುಟಗಿ, ಚಳಿಗಾಲದಲ್ಲಿ ಹೊಲದಿಂದ ಬಂದವರಿಗೆ ಮಾಡುತ್ತೇವೆ ಎಂದಳು. ಮೇಲೆ ತುಪ್ಪ ಸುರಿದು ಮಾವನ ಕೈಗೆ ಕೊಟ್ಟಳು.

ಮಲ್ಲಿಕಾರ್ಜುನಯ್ಯ ಅದನ್ನು ತಿರುಗಿಸಿ ತಿರುಗಿಸಿ ನೋಡಿದ. ಇವರು ಬೇಯಿಸಿ ಉಂಡೆ ಕಟ್ಟುತ್ತಾರೆ, ಅವರು ಸುಟ್ಟು ಉಂಡೆ ಕಟ್ಟುತ್ತಾರೆ, ಕೊನೆಗೆ ಕೈಯಲ್ಲಿ ಕೂರುವುದು ಒಂದೇ ಆಕಾರ. ಒಲೆಯ ಮೇಲೆ ಅವರೆಕಾಳಿನ ಸಾರು ಕುದಿಯುತ್ತಿತ್ತು, ಕಾಯಿ ರುಬ್ಬಿ ಹಾಕಿದ್ದು. ಅದರಲ್ಲಿ ಅದ್ದಿ ಬಾಯಿಗಿಟ್ಟ. ನುಂಗಲು ಹೋದ, ಇಳಿಯಲಿಲ್ಲ. ಅಗಿಯಬೇಕಾಯಿತು. ಅಗಿದಷ್ಟೂ ಬೆಳ್ಳುಳ್ಳಿಯ ಖಾರವೂ ಅವರೆಯ ಸೊಗಡೂ ಒಂದರ ಹಿಂದೆ ಒಂದು ಬಂದವು. ಅವನು ತಲೆದೂಗಿದ್ದನ್ನು ನೋಡಿ ಸೊಸೆಗೆ ಧೈರ್ಯ ಬಂತು.

"ಇದು ಆರಿದ್ರೂ ಮೆತ್ತಗ ಇರತೈತ್ರಿ ಮಾವಾರ. ನಿಮ್ಮ ಹಿಟ್ಟು ಆರಿದ್ರ ಕಲ್ಲ ಆಗತೈತ್ರಿ, ಗಂಟಲಾಗ ಇಳಿಯಂಗಿಲ್ಲ."

ಅವಳು ಮುಟಗಿಯನ್ನು ಹೊಗಳಲು ಹೇಳಿದ ಮಾತು. ಮಲ್ಲಿಕಾರ್ಜುನಯ್ಯನ ಕೈ ಬಾಯಿಯ ಹತ್ತಿರವೇ ನಿಂತಿತು. ಮುದ್ದೆ ಆರುವುದೇಕೆ? ಅದನ್ನು ಆರಲು ಬಿಡುವವರು ಯಾರು? ಒಲೆಯಿಂದ ಇಳಿದ ಕೂಡಲೇ ಉಣ್ಣುವ ವಸ್ತು ಅದು. ನೀನು ಎಷ್ಟು ಹೊತ್ತಿಗೆ ಉಣ್ಣುತ್ತೀಯೆ ಎಂದು ಕೇಳಿದ. ನೀವು ಜಗಲಿಯಿಂದ ಎದ್ದು ಮಲಗಲು ಹೋದ ಮೇಲೆ ಎಂದಳು. ಹಿರಿಯರು ಎಚ್ಚರವಾಗಿ ಕೂತಿರುವಾಗ ಸೊಸೆಯಾದವಳು ತಟ್ಟೆಗೆ ಕೈ ಹಾಕುವುದು ಹೇಗೆ, ತನ್ನ ಅವ್ವ ಹಾಗೆ ಕಲಿಸಿಲ್ಲ ಎಂದಳು. ಅವಳ ತವರಿನಲ್ಲಿ ಅದು ಕಷ್ಟವೂ ಅಲ್ಲ. ರೊಟ್ಟಿ ಬೆಳಗ್ಗೆ ತಟ್ಟಿದ್ದು ರಾತ್ರಿಗೂ ನಡೆಯುತ್ತದೆ, ನಾಳೆಗೂ ನಡೆಯುತ್ತದೆ, ಕೊನೆಯಲ್ಲಿ ಉಣ್ಣುವವಳಿಗಾಗಿ ಅದು ಕಾದು ಕೂತಿರುತ್ತದೆ.

ಅವಳು ನಾಚದೆ ಉಣ್ಣಲಿ ಎಂದು ಇವನು ಜಗಲಿಯಲ್ಲಿ ಕೂತಿದ್ದ. ಇವನು ಏಳಲಿ ಎಂದು ಅವಳು ಒಳಗೆ ಕೂತಿದ್ದಳು. ನಡುವೆ ಮುದ್ದೆ ಕಲ್ಲಾಗುತ್ತಿತ್ತು. ಒಂದು ತಿಂಗಳು ಈ ಮರ್ಯಾದೆಯ ಆಟದಲ್ಲಿ ಕಳೆದಿತ್ತು. ಮಲ್ಲಿಕಾರ್ಜುನಯ್ಯನಿಗೆ ತನ್ನ ಬುದ್ಧಿಯ ಮೇಲೆ ಕೋಪ ಬಂತು, ಹುಡುಗಿಯ ಮೇಲೆ ಮರುಕ ಉಕ್ಕಿತು. ಇನ್ನೊಂದು ಮುಟಗಿ ಕೇಳಿ ಇಸಿದುಕೊಂಡ.

ಮಾರನೆಯ ದಿನ ಶಿವಗೊಂಡಪ್ಪ ಬಂದ. ತಿಪಟೂರಿನ ಸ್ಟೇಷನ್ನಿನಿಂದ ಪರಮೇಶ ಬೈಕಿನಲ್ಲಿ ಕರೆತಂದ. ಬಿಳಿ ಟೋಪಿ, ದಪ್ಪ ಮೀಸೆ, ಬಾಯಲ್ಲಿ ಮಾತಿಲ್ಲ. ಮಗಳು ಕಾಲಿಗೆ ನೀರು ಕೊಡುವಾಗ ಅವನ ಕಣ್ಣು ಅವಳ ಮೊಣಕೈವರೆಗೆ ಜಾರಿದ ಬಳೆಯ ಮೇಲೆ ನಿಂತಿತು. ದನದ ಹಿಂಡಿಯ ಕತೆಯನ್ನು ಅವಳೇ ನಗುತ್ತ ಬಿಡಿಸಿ ಹೇಳಿದಳು. ಅವನು ಮೀಸೆಯ ಕೆಳಗೆ ಒಂದಿಷ್ಟು ನಕ್ಕ, ಆದರೆ ಸಂಜೆಯ ರೈಲಿಗೇ ಹೊರಡಬೇಕು ಎಂದ. ಮಲ್ಲಿಕಾರ್ಜುನಯ್ಯ ಆಗಲಿ ಎಂದ. ಇನ್ನೇನು ಹೇಳುವುದು? ಬಳೆ ಅವನಿಗೂ ಕಾಣುತ್ತಿತ್ತು.

ಬೆಳಗಿನಿಂದ ಅವನೂ ಸೊಸೆಯೂ ನೆನೆಹಾಕಿದ ಅವರೆಕಾಳು ಹಿತಕುತ್ತ ಕೂತಿದ್ದರು. ಅವಳ ಕಡೆ ಕಾಳನ್ನು ಸಿಪ್ಪೆಯ ಸಮೇತ ಬೇಯಿಸುತ್ತಾರಂತೆ. ಎರಡು ಬೆರಳ ನಡುವೆ ಒತ್ತಿದರೆ ಬೇಳೆ ಟಪ್ಪನೆ ಹಾರಿ ಬೀಳುವುದು ಅವಳಿಗೆ ಮಕ್ಕಳ ಆಟದಂತೆ ಹಿಡಿಸಿತ್ತು. ಆ ಬೇಳೆಯ ಸಾರು, ಒಂದು ಕಡೆ ಗಂಟಿಲ್ಲದ ಮುದ್ದೆ, ಇನ್ನೊಂದು ಕಡೆ ರಾಗಿಜೋಳದ ಮುಟಗಿ, ಕೊಬ್ಬರಿ ಬೆರೆಸಿದ ಶೇಂಗಾ ಹಿಂಡಿ, ತುಪ್ಪ, ಮಜ್ಜಿಗೆ. ಪೇಟೆಯಿಂದ ಬಂದದ್ದು ಜೋಳವೊಂದೇ. ಮಿಕ್ಕಿದ್ದೆಲ್ಲ ಬದುವಿನಲ್ಲೋ ಅಟ್ಟದಲ್ಲೋ ಇದ್ದದ್ದು.

ನಡುಮನೆಯಲ್ಲಿ ಗಂಡಸರು ಮೂವರೂ ಕೂತರು. ಮಲ್ಲಿಕಾರ್ಜುನಯ್ಯ ಕೂರುವ ಮುಂಚೆ ನಾಲ್ಕನೆಯ ತಟ್ಟೆಯೊಂದನ್ನು ತಂದು ತನ್ನ ಪಕ್ಕದಲ್ಲಿ ಇಟ್ಟ. ದಾನೇಶ್ವರಿ ಬಡಿಸಿದಳು. ಆ ತಟ್ಟೆಯನ್ನು ದಾಟಿ ಹೋದಳು. ಅದಕ್ಕೂ ಹಾಕು ಎಂದ. ಯಾರು ಬರುತ್ತಾರೆ ಎಂದು ಕೇಳಿದಳು. ನೀನು ಎಂದ. ಅವಳು ಸೌಟು ಹಿಡಿದು ನಿಂತುಬಿಟ್ಟಳು, ಕಣ್ಣು ಅಪ್ಪನ ಕಡೆ. ಶಿವಗೊಂಡಪ್ಪ ಮುಖ ಬಿಗಿದು, ನಮ್ಮಲ್ಲಿ ಹಾಗೆಲ್ಲ ಇಲ್ಲ, ಆಕೆ ಆಮೇಲೆ ಉಣ್ಣುತ್ತಾಳೆ, ನೀವು ಉಣ್ಣಿರಿ ಎಂದ.

ಮಲ್ಲಿಕಾರ್ಜುನಯ್ಯ ತನ್ನ ಮುದ್ದೆ ಮುಟ್ಟಲಿಲ್ಲ. ಬೀಗರನ್ನು ಅವರ ಮಗಳ ಮುಂದೆಯೇ ಎದುರುಹಾಕಿಕೊಂಡರೆ ಸಂಜೆಯ ರೈಲಿಗೆ ಸೊಸೆ ಹೋಗುತ್ತಾಳೆ, ಅಲ್ಲಿಗೆ ಮುಗಿಯಿತು. ಸುಮ್ಮನಿದ್ದರೂ ಹೋಗುತ್ತಾಳೆ.

"ಬೀಗ್ರೇ, ನಿಮ್ಮ ರೊಟ್ಟಿ ಕಾಯ್ತದೆ. ನಮ್ಮ ಹಿಟ್ಟು ಕಾಯಾಕಿಲ್ಲ ಕಣ್ರೀ. ಈ ಮಗ ಒಂದು ತಿಂಗಳಿಂದ ನಮ್ಮಿಬ್ರುನ್ನೂ ಉಣ್ಣಿಸಿ ಕಲ್ಲು ತಿಂದವ್ಳೆ. ಅದು ನಂಗೆ ತಿಳೀಲಿಲ್ಲ. ಇನ್ಮೇಲೆ ಅವ್ಳು ಕೂರೋಗಂಟ ನಾನು ಕೈ ಹಾಕಾಕಿಲ್ಲ."

ತಟ್ಟೆಗಳಿಂದ ಹಬೆ ಏಳುತ್ತಿತ್ತು. ಪರಮೇಶ ಎದ್ದ. ಮದುವೆಯಾದ ಮೇಲೆ ಮೊದಲ ಸಲ ಏನೋ ತೋಚಿದವನಂತೆ ಹೋಗಿ ಹೆಂಡತಿಯ ಕೈಯಿಂದ ಸೌಟು ತೆಗೆದುಕೊಂಡ, ನಾಲ್ಕನೆಯ ತಟ್ಟೆಗೆ ಮುದ್ದೆ, ಮುಟಗಿ, ಹಿಂಡಿ ಇಟ್ಟು ಸಾರು ಬಿಟ್ಟ. ಶಿವಗೊಂಡಪ್ಪ ಆ ತಟ್ಟೆಯನ್ನೇ ನೋಡುತ್ತಿದ್ದ. ಬಹಳ ಹೊತ್ತಿನ ಮೇಲೆ ಅದನ್ನು ತನ್ನ ಕಡೆಗೆ ಎಳೆದುಕೊಂಡು, ತಾನು ಒಂದಿಷ್ಟು ಸರಿದು ಜಾಗ ಮಾಡಿದ.

"ಕುಂಡ್ರ ಯವ್ವಾ. ಆರತೈತಿ."

ಅವಳು ಕೂತಳು. ಮೊದಲು ಮುದ್ದೆಗೇ ಕೈ ಹಾಕಿದಳು. ಬಿಸಿಗೆ ಬೆರಳು ಸುಟ್ಟುಕೊಂಡು ಊದಿಕೊಂಡಳು, ಸಾರಿನಲ್ಲಿ ಅದ್ದಿದಳು, ಬಾಯಿಗಿಟ್ಟಳು, ಅಗಿದಳು. ಅಗಿಯಲಿ, ಹಲ್ಲು ಅವಳದು. ಆ ಮುದ್ದೆ ಮುಗಿಯಿತು. ಮುಟಗಿಯೂ ಹಿಂಡಿಯೂ ಮುಗಿದವು. ತಲೆಯ ಮೇಲಿನ ಸೆರಗು ಭುಜಕ್ಕೆ ಜಾರಿದ್ದು ಅವಳಿಗೆ ಗೊತ್ತಾಗಲಿಲ್ಲ. ಶಿವಗೊಂಡಪ್ಪ ಮಗಳು ಉಣ್ಣುವುದನ್ನು ಓರೆಗಣ್ಣಿನಲ್ಲಿ ನೋಡುತ್ತ, ತನ್ನ ತಟ್ಟೆಯಲ್ಲಿನದನ್ನು ಮರೆತಿದ್ದ. ಮಗಳು ಇಷ್ಟು ಹತ್ತಿರ ಕೂತು ಉಂಡದ್ದನ್ನು ಅವಳು ಲಂಗ ಉಡುತ್ತಿದ್ದ ಕಾಲದ ನಂತರ ಅವನು ನೋಡಿರಲಿಲ್ಲ. ಅವಳು ಎರಡನೆಯ ಮುಟಗಿ ಮುರಿಯುತ್ತ, ತಲೆ ಎತ್ತದೆ, ನಾನು ಈಗ ಬರುವುದಿಲ್ಲ ಅಪ್ಪ, ಅಮಾವಾಸ್ಯೆಗೆ ಇವರ ಜೊತೆ ಬಂದು ಇವರ ಜೊತೆಯೇ ಹಿಂದಿರುಗುತ್ತೇನೆ ಎಂದಳು. ಮಲ್ಲಿಕಾರ್ಜುನಯ್ಯ ಮುದ್ದೆ ಬಿಸಿಯಿದೆ ಎಂದು ನೆಪ ಹೇಳಿ, ನೀರು ಕುಡಿದ.

ಶಿವಗೊಂಡಪ್ಪ ಉಂಡು ಎದ್ದು ಹಿತ್ತಲಿಗೆ ಹೋದ. ಕೈ ಒರೆಸಲು ಬಟ್ಟೆ ಕೊಡಲೆಂದು ಮಲ್ಲಿಕಾರ್ಜುನಯ್ಯ ಹಿಂದೆಯೇ ಬಂದ. ಬೀಗ ಬಟ್ಟೆ ಒಗೆಯುವ ಕಲ್ಲಿನ ಮೇಲೆ ನಿಂತು ಮನೆಗೆ ಫೋನು ಮಾಡಿದ್ದ; ಕಿವಿ ಮಂದ, ಹಾಗಾಗಿ ಸ್ಪೀಕರಿನಲ್ಲಿಯೇ ಮಾತು.

"ಉಂಡಿ?" ಎಂದು ಕೇಳಿದ.

ಆ ಕಡೆ ಇದ್ದವಳು ಅವನ ಹೆಂಡತಿ. ಇಷ್ಟು ವರ್ಷದ ಸಂಸಾರದಲ್ಲಿ ಆ ಹೆಂಗಸು ಈ ಪ್ರಶ್ನೆಯನ್ನು ಗಂಡನ ಬಾಯಿಂದ ಕೇಳಿಯೇ ಇರಲಿಲ್ಲವೇನೋ.

"ಇನ್ನಾ ಇಲ್ರಿ. ನೀವು ಉಂಡ್ರೋ ಇಲ್ಲೋ ಗೊತ್ತಿಲ್ಲ, ನಾ ಹೆಂಗ ಉಣ್ಲಿ? ಫೋನ್ ಬರ್ಲಿ ಅಂತ ಕಾಯಾಕತ್ತಿದ್ದೆ. ದಾನವ್ವನ ಕರ್ಕೊಂಡ ಬರ್ತೀರಿಲ್ಲೋ?"

ಶಿವಗೊಂಡಪ್ಪ ಬಾಗಿಲಿನಿಂದ ಒಳಗೆ ನೋಡಿದ. ಮಗಳು ಗಂಡನಿಗೆ ಸಾರಿನ ಪಾತ್ರೆ ತೋರಿಸಿ ಇನ್ನೂ ಸ್ವಲ್ಪ ಹಾಕಿ ಎನ್ನುತ್ತಿದ್ದಳು.

"ಆಕಿ ಉಣ್ಣಾಕತ್ತಾಳ. ಅಮಾಸಿಗೆ ಬಂದು ಹೋಗ್ತಾಳಂತ," ಎಂದ. ಆಮೇಲೆ ದನಿ ಇಳಿಸಿ, "ನೀ ಮೊದಲ ತಾಟ ಹಚ್ಚಿಕೊಂಡು ಕುಂಡ್ರು. ನಾ ಫೋನ್ ಇಡಂಗಿಲ್ಲ."

ಮಲ್ಲಿಕಾರ್ಜುನಯ್ಯ ಬಟ್ಟೆಯನ್ನು ಹಗ್ಗದ ಮೇಲೆ ಹಾಕಿ ಸದ್ದಿಲ್ಲದೆ ಒಳಗೆ ಹೋದ. ಆ ಕಡೆಯಿಂದ ತಟ್ಟೆಯ ಸದ್ದು ಕೇಳುವವರೆಗೂ ಶಿವಗೊಂಡಪ್ಪ ಫೋನನ್ನು ಕಿವಿಗೆ ಒತ್ತಿಕೊಂಡು ಹಿತ್ತಲಿನಲ್ಲಿಯೇ ನಿಂತಿದ್ದ.